ಸೋಗಿನವನ ಜೊಲ್ಲು

ಅವನ ಕೆಳತುಟಿಯಿಂದ ಜೊಲ್ಲಿನ ಒಂದು ಎಳೆ ಇಳಿಯುತ್ತಿತ್ತು. ಗದ್ದ ದಾಟಿ, ಕೊರಳು ದಾಟಿ, ಎದೆಯ ಎಲುಬಿನವರೆಗೆ ಬಂದು ಅಲ್ಲಿ ನಿಲ್ಲುತ್ತಿತ್ತು. ತುಂಡಾಗುತ್ತಿರಲಿಲ್ಲ, ಕೆಳಗೆ ಬೀಳುತ್ತಲೂ ಇರಲಿಲ್ಲ. ಗಾಳಿ ಬಂದರೆ ಅತ್ತಿತ್ತ ತೂಗುತ್ತಿತ್ತು. ಸಿಂದಗಿಯ ಸಂತೆಗೆ ಬಂದ ಜನ ಬದನೆಕಾಯಿ ಆರಿಸುವುದನ್ನು ಬಿಟ್ಟು, ಅದು ಯಾವಾಗ ಹರಿಯುತ್ತದೋ ಎಂದು ಬಾಯಿ ತೆರೆದುಕೊಂಡು ನೋಡುತ್ತ ನಿಲ್ಲುತ್ತಿದ್ದರು. ಆಮೇಲೆ ಅವನು ಅದನ್ನು ಸರ್ರನೆ ಒಳಗೆ ಎಳೆದುಕೊಂಡು ನುಂಗುತ್ತಿದ್ದ. ಸತ್ತವರ ಬಗ್ಗೆ ಒಳ್ಳೆಯದನ್ನೇ ಬರೆಯಬೇಕು ಎನ್ನುವವರಿದ್ದಾರೆ. ಅಂಥವರು ಬೇರೆ ಯಾರ ಬಗ್ಗೆಯಾದರೂ ಓದಿಕೊಳ್ಳಲಿ. ಅವನು ನನಗೆ ಮೊದಲಿನಿಂದಲೂ ಅಸಹ್ಯ, ಈಗಲೂ ಅಷ್ಟೇ.

ಊರವರು ಅವನನ್ನು ಸೋಗಿನವ ಎನ್ನುತ್ತಿದ್ದರು. ಸೋಗು ಎಂದರೆ ನಮ್ಮ ಕಡೆ ವೇಷ. ಎಪ್ಪತ್ತರ ದಶಕದಲ್ಲಿ ಬೇರೆ ವೇಷದವರೂ ಬರುತ್ತಿದ್ದರು. ಮುಖಕ್ಕೆ ನೀಲಿ ಬಳಿದುಕೊಂಡು, ತಗಡಿನ ಕಿರೀಟ ಇಟ್ಟುಕೊಂಡು, ಪೇಟಿ ತಬಲಾ ಹೊತ್ತು ತರುತ್ತಿದ್ದರು. ನೋಡಲು ಚೆಂದವಿರುತ್ತಿತ್ತು. ಇವನ ಹತ್ತಿರ ಬಣ್ಣದ ಡಬ್ಬಿಯೂ ಇರಲಿಲ್ಲ, ಕಿರೀಟವೂ ಇರಲಿಲ್ಲ. ಸೊಂಟಕ್ಕೆ ಒಂದು ತುಂಡು ಧೋತರ, ಅದರ ಮೇಲೆ ಬರಿ ಮೈ. ಏನು ಮಾಡುವುದಿದ್ದರೂ ಆ ಮೈಯಲ್ಲೇ ಮಾಡುತ್ತಿದ್ದ. ಸುಗ್ಗಿ ಮುಗಿದ ಮೇಲೆ ಚಡಚಣದ ಕಡೆಯಿಂದ ಹೊರಟು ಇಂಡಿ, ಸಿಂದಗಿ, ಬಸವನ ಬಾಗೇವಾಡಿ, ಮುದ್ದೇಬಿಹಾಳ ಎಂದು ಸುತ್ತಿ, ಮಳೆ ಬೀಳುವ ಹೊತ್ತಿಗೆ ತಿರುಗಿ ಹೋಗುತ್ತಿದ್ದ. ಊರಲ್ಲಿರುವಷ್ಟು ದಿನ ದಿನಕ್ಕೊಂದು ಸೋಗು. ಕೊನೆಯ ದಿನ ಸೋಗಿಲ್ಲ. ಚೀಲ ಹಿಡಿದುಕೊಂಡು ಮನೆಮನೆಗೆ ಜೋಳ ಕೇಳಲು ಬರುತ್ತಿದ್ದ. ಅವತ್ತು ಅವನ ಗುರುತು ಯಾರಿಗೂ ಹತ್ತುತ್ತಿರಲಿಲ್ಲ. "ನಾನರಿ, ನಿನ್ನಿ ಕುಂಟ ಎಮ್ಮಿ ಆಗಿದ್ನೆಲ್ರಿ" ಎಂದು ತಾನೇ ಹೇಳಿಕೊಳ್ಳಬೇಕಾಗುತ್ತಿತ್ತು.

ದೇವರು, ರಾಜ, ಪೊಲೀಸು ಇವನಿಗೆ ಬೇಡ. ಕಜ್ಜಿ ಹತ್ತಿದ ನಾಯಿ, ಕಾಲು ಕೊಳೆತ ಎಮ್ಮೆ, ಹೇನು ಹೆಕ್ಕಿ ಹಲ್ಲಲ್ಲಿ ಕಡಿಯುವ ಮುದುಕಿ, ಇಂಥವೇ. ಎಲ್ಲಕ್ಕಿಂತ ಹೆಸರಾದದ್ದು ಅವನ ನಾರುಹುಣ್ಣಿನ ಸೋಗು. ಆಗ ನಮ್ಮ ಕಡೆ ಮೆಟ್ಟಿಲಬಾವಿಯ ನೀರು ಕುಡಿದವರ ಕಾಲಲ್ಲಿ ನಾರಿನಂಥ ಹುಳ ಏಳುತ್ತಿತ್ತು. ಅದನ್ನು ಕಡ್ಡಿಗೆ ಸುತ್ತಿ, ದಿನಕ್ಕೆ ಒಂದಿಷ್ಟೇ ಹೊರಗೆ ಎಳೆಯಬೇಕು. ಅವಸರ ಮಾಡಿದರೆ ಒಳಗೇ ಹರಿದು ಕಾಲು ಬಾತುಕೊಳ್ಳುತ್ತದೆ. ಅವನು ಬಜಾರಿನಲ್ಲಿ ಕಾಲು ಚಾಚಿ ಕೂತು, ಇಲ್ಲದ ಹುಣ್ಣಿನಿಂದ ಇಲ್ಲದ ಹುಳವನ್ನು ಇಲ್ಲದ ಕಡ್ಡಿಗೆ ಸುತ್ತುತ್ತಿದ್ದ. ಮೀನಖಂಡದ ಚರ್ಮ ತಾನಾಗಿಯೇ ಮಿಡಿಯುತ್ತಿತ್ತು, ಹೆಬ್ಬೆರಳು ಸೆಟೆಯುತ್ತಿತ್ತು, ಕಣ್ಣಂಚಲ್ಲಿ ನೀರು ನಿಲ್ಲುತ್ತಿತ್ತು. ನಿಂತು ನೋಡುವವರ ಕೈ ಗೊತ್ತಿಲ್ಲದೆ ತಮ್ಮ ತಮ್ಮ ಕಾಲಿಗೆ ಹೋಗುತ್ತಿತ್ತು. ಕೆಲವರು ನಗುತ್ತಿದ್ದರು. ಅದರಲ್ಲಿ ನಗುವಂಥದ್ದು ಏನಿತ್ತೋ ನನಗೆ ಇವತ್ತಿಗೂ ಗೊತ್ತಾಗಿಲ್ಲ.

ಸೋಗು ಇಲ್ಲದಾಗಲೂ ಅವನು ನೋಡುವಂಥ ಮನುಷ್ಯನಲ್ಲ. ಅರ್ಧ ಅಗಿದ ಎಲೆಯಡಿಕೆಯನ್ನು ಉಗಿಯದೆ, ಉಂಡೆ ಮಾಡಿ ಕಿವಿಯ ಹಿಂದೆ ಸಿಕ್ಕಿಸಿಕೊಳ್ಳುತ್ತಿದ್ದ. ಮಧ್ಯಾಹ್ನದ ಊಟವಾದ ಮೇಲೆ ಅದನ್ನೇ ತೆಗೆದು ಮತ್ತೆ ಬಾಯಿಗೆ ಹಾಕಿಕೊಳ್ಳುತ್ತಿದ್ದ. ಬೆಂಕಿಕಡ್ಡಿಯಿಂದ ಕಿವಿ ಕೆರೆದು, ಬಂದದ್ದನ್ನು ನೋಡಿ, ಮೂಸುತ್ತಿದ್ದ. ಅವನು ಹತ್ತಿರ ಬಂದರೆ ಕೊಳೆತ ಉಳ್ಳಾಗಡ್ಡಿಯ ವಾಸನೆ. ಇಷ್ಟಾದರೂ ಜಂಬಕ್ಕೇನೂ ಕಡಿಮೆಯಿರಲಿಲ್ಲ. "ಬಣ್ಣದವ್ರು ಮಂದೀಗಿ ಮುಖಾ ತೋರಸ್ತಾರ್ರಿ. ಅದೇನ್ ದೊಡ್ಡ ಕೆಲಸ" ಎಂದು ಪಾನಪಟ್ಟಿ ಅಂಗಡಿಯ ಮುಂದೆ ಕೂತು ಕೊಚ್ಚಿಕೊಳ್ಳುತ್ತಿದ್ದ.

ಅವನಿಗೆ ಎರಡು ಕಟ್ಟುಪಾಡುಗಳಿದ್ದವು. ಹಾಕಿದ ಸೋಗನ್ನು ನಡುವೆ ಬಿಡುತ್ತಿರಲಿಲ್ಲ, ಯಾರು ಬೈದರೂ, ಮೈಮೇಲೆ ನೀರು ಸುರಿದರೂ. ಇನ್ನೊಂದು, ಯಾರ ಮನೆಯ ಹೊಸ್ತಿಲ ಒಳಗೂ ಸೋಗು ಹಾಕುತ್ತಿರಲಿಲ್ಲ. ಕಾಳು ಮಾರಾಟದ ಅಡತಿ ಅಂಗಡಿಯ ಒಬ್ಬ ಸಾಹುಕಾರರು ಮನೆಯ ಹೆಂಗಸರು ನೋಡಬೇಕೆನ್ನುತ್ತಾರೆಂದು ಪಡಸಾಲೆಗೆ ಕರೆದಾಗ ಕೈಮುಗಿದು ಹೊರಗೇ ನಿಂತಿದ್ದನಂತೆ. "ಮನಿ ಒಳಗ ಸೋಗು ಹಾಕಿದ್ರ ಅದು ಅಲ್ಲೇ ಉಳೀತೈತ್ರಿ ಧಣಿ. ಎಮ್ಮೀದು ಹಾಕಿದ್ರ ಎಮ್ಮಿ ರೋಗ ಮನ್ಯಾಗ ಉಳೀತೈತಿ" ಎಂದನಂತೆ. ಸಾಹುಕಾರರು ಮತ್ತೆ ಕರೆಯಲಿಲ್ಲ.

ಹೇಸಿಕೆ ನನಗೆ ಅಪ್ಪನಿಂದ ಬಂದದ್ದು. ಅಪ್ಪ ಸಿಂದಗಿಯ ಗಂಡುಮಕ್ಕಳ ಶಾಲೆಯಲ್ಲಿ ಹೆಡ್ ಮಾಸ್ತರರಾಗಿದ್ದರು. ಊರಿನ ಅರ್ಧ ಗಂಡಸರು ಅವರ ಕೈಕೆಳಗೆ ಕಲಿತವರು. ಕಲಿತದ್ದು ಏನು ನೆನಪಿದೆಯೋ ಇಲ್ಲವೋ, ಉಗುರಿನ ತಪಾಸಣೆ ಮಾತ್ರ ಯಾರೂ ಮರೆತಿರಲಿಲ್ಲ. ಪ್ರಾರ್ಥನೆ ಮುಗಿದ ಮೇಲೆ ಸಾಲಾಗಿ ನಿಂತು ಕೈ ಚಾಚಬೇಕು. ಅಪ್ಪ ಒಂದೊಂದೇ ಕೈಯನ್ನು ಹಿಡಿದು ತಿರುವಿ ಅಂಗೈ ನೋಡಿ, ಮತ್ತೆ ತಿರುವಿ ಉಗುರು ನೋಡುತ್ತಿದ್ದರು. ಹೊಲಸು ಕಂಡ ಉಗುರಿನ ಮೇಲೆ ತಮ್ಮ ಬೆರಳಿನ ಗಿಣ್ಣಿನಿಂದ ಟಕ್ಕನೆ ಕುಟ್ಟಿ, ಗದ್ದದಿಂದ ನೀರಿನ ಹಂಡೆಯ ಕಡೆ ತೋರಿಸುತ್ತಿದ್ದರು. ಬಾಯಿಂದ ಒಂದು ಮಾತೂ ಬರುತ್ತಿರಲಿಲ್ಲ. ಹುಡುಗ ಹೋಗಿ ತೊಳೆದುಕೊಂಡು ಬರಬೇಕು. ಮನೆಯಲ್ಲಿ ಮಗಳಾದ ನನಗೂ ಅದೇ, ನಾನು ಕನ್ಯಾಶಾಲೆಗೆ ಮಾಸ್ತರಿಕೆಗೆ ಸೇರಿದ ಮೇಲೂ ಬಿಡಲಿಲ್ಲ. ಅವರ ಧೋತರ ಬಿಳುಪು ಎಂದರೆ ಬಿಳುಪು. ಯಾರಾದರೂ ಎದುರಿಗೆ ಸೀನಿದರೆ ಅವತ್ತು ಎರಡನೇ ಸ್ನಾನ.

ಒಮ್ಮೆ ಈ ಸೋಗಿನವ ಆ ಶಾಲೆಯ ಮುಂದೆಯೇ ನಾರುಹುಣ್ಣು ತೆಗೆಯಲು ಕೂತ. ಮಕ್ಕಳು ಮುತ್ತಿಕೊಂಡರು. ಅಪ್ಪ ಹೊರಗೆ ಬಂದರು. ಓಡಿಸುತ್ತಾರೆ ಎಂದು ಎಲ್ಲರೂ ಅಂದುಕೊಂಡರೆ, ಅವರು ಕರವಸ್ತ್ರದಿಂದ ಮೂಗು ಮುಚ್ಚಿಕೊಂಡು ಕೊನೆಯವರೆಗೂ ನಿಂತು ನೋಡಿದರು. ಹುಳ ಪೂರ್ತಿ ಹೊರಗೆ ಬಂದ ಮೇಲೆ, "ಏ ಹೊಲಸ, ಸಾಲಿ ಮುಂದ ಇದನ್ನೆಲ್ಲ ತರಬ್ಯಾಡ, ನಡಿ" ಎಂದು ಅಟ್ಟಿದರು. ಆಮೇಲೆ ಮಕ್ಕಳನ್ನೆಲ್ಲ ಸಾಲಾಗಿ ನಿಲ್ಲಿಸಿ ಕೈಕಾಲು ತೊಳೆಸಿದರು. ಯಾರೂ ಏನನ್ನೂ ಮುಟ್ಟಿರಲಿಲ್ಲ. ಮುಟ್ಟಲು ಅಲ್ಲಿ ಏನೂ ಇರಲೂ ಇಲ್ಲ. ಸೋಗಿನವ ಮಾತ್ರ ಬಹಳ ಖುಷಿಯಾಗಿದ್ದನಂತೆ. "ಮಾಸ್ತರ್ರು ಹೇಸಿದ್ರು ನೋಡ್ರಿ. ನಗೂ ಮಂದಿ ನೋಡೂದಿಲ್ಲ, ಬರೇ ನಗತಾರ. ಹೇಸೂ ಮಂದಿನ ಖರೇ ನೋಡಾವ್ರು" ಎಂದು ಪಾನಪಟ್ಟಿಯವನಿಗೆ ಹೇಳಿದ್ದು ನಮ್ಮ ಮನೆಯವರೆಗೂ ಬಂತು. ಅಪ್ಪ ಅವನ ಸುದ್ದಿಯನ್ನೇ ಮನೆಯಲ್ಲಿ ಎತ್ತಬಾರದು ಎಂದರು.

ಅದಾದ ಮೇಲೆ, ಅಪ್ಪ ನಿವೃತ್ತರಾದ ವರ್ಷವೇ, ಒಂದು ಬೆಳಿಗ್ಗೆ ಬಚ್ಚಲಲ್ಲಿ ಬಿದ್ದರು. ಲಕ್ವಾ ಹೊಡೆದಿತ್ತು. ಬಲಗೈ ಬಲಗಾಲು ಹೋದವು, ಮಾತು ಹೋಯಿತು, ಬಾಯಿಯ ಬಲಮೂಲೆ ಜೋತುಬಿತ್ತು. ತಿಳಿವಳಿಕೆ ಉಳಿದಿದೆ ಎಂದು ಸರ್ಕಾರಿ ದವಾಖಾನೆಯ ಡಾಕ್ಟರು ಹೇಳಿದರು. ಅದು ನಮಗೂ ಕಾಣುತ್ತಿತ್ತು. ಜೋತುಬಿದ್ದ ಮೂಲೆಯಿಂದ ಜೊಲ್ಲು ಇಳಿಯುತ್ತಿದ್ದಾಗ ಅಪ್ಪನ ಕಣ್ಣಲ್ಲಿ ಅವರದೇ ಹೇಸಿಕೆ ಕಾಣುತ್ತಿತ್ತು, ತಮ್ಮ ಬಗ್ಗೆಯೇ. ಅವ್ವ ಸುಮ್ಮನೆ ಒರೆಸುತ್ತಿದ್ದಳು; ಅವಳಿಗೆ ಹೇಸಿಕೆ ಎಂಬುದು ಹುಟ್ಟಿನಿಂದಲೇ ಇರಲಿಲ್ಲ. ನಾನೂ ಒರೆಸುತ್ತಿದ್ದೆ, ಬಟ್ಟೆ ಬದಲಿಸುತ್ತಿದ್ದೆ, ಕೆಳಗಿನದನ್ನೂ ತೆಗೆಯುತ್ತಿದ್ದೆ. ಮಗಳಾದ ಮಾತ್ರಕ್ಕೆ ಮೂಗು ಸುಮ್ಮನಿರುವುದಿಲ್ಲ. ಹಿತ್ತಲಿಗೆ ಹೋಗಿ ವಾಂತಿ ಮಾಡಿ ಬಂದು ಮತ್ತೆ ಮಾಡುತ್ತಿದ್ದೆ.

ಪಡಸಾಲೆಯಲ್ಲಿ, ಬೀದಿಬಾಗಿಲಿನ ಎದುರಿಗೆ ಅವರ ಮಂಚ. ಹಗಲು ಹೊತ್ತು ಅದರ ಮೇಲೆ ಗೋಡೆಗೆ ಒರಗಿಸಿ, ಕಾಲು ನೆಲಕ್ಕೆ ತಾಗುವಂತೆ ಕೂಡಿಸುತ್ತಿದ್ದೆವು. ಓಣಿಯಲ್ಲಿ ಹೋಗುವವರು ಇಣುಕಿ ನೋಡುತ್ತಿದ್ದರು. ಅಪ್ಪ ಎಡಗೈಯನ್ನು ಬಾಗಿಲ ಕಡೆ ಚಾಚಿ ಜೋರಾಗಿ ಆಡಿಸುತ್ತಿದ್ದರು. ನಮಗೆ ಅರ್ಥವಾಯಿತು: ಬಾಗಿಲು ಮುಚ್ಚಿರಿ. ಇಸ್ತ್ರಿ ಇಲ್ಲದ ಅಂಗಿಯಲ್ಲಿ ಕಟ್ಟೆಗೂ ಬರದಿದ್ದ ಮನುಷ್ಯ, ಈ ಅವಸ್ಥೆಯಲ್ಲಿ ಊರವರ ಕಣ್ಣಿಗೆ ಬೀಳಬೇಕೇ? ಮುಚ್ಚಿದೆವು. ಕೈ ಇನ್ನೂ ಆಡುತ್ತಲೇ ಇತ್ತು. ಕಿಟಕಿಯನ್ನೂ ಮುಚ್ಚಿದೆವು. ಸಂದಿಯಲ್ಲಿ ಕಾಣುತ್ತದೇನೋ ಎಂದು ಕಿಟಕಿಗೆ ಕಂಬಳಿ ತೂಗುಹಾಕಿದೆವು. ಅವರು ಎಡಗೈಯಿಂದ ಹಣೆ ಹಣೆ ಬಡಿದುಕೊಂಡು ಅತ್ತರು. ಒಬ್ಬ ಹೆಣ್ಣುಮಗಳು ನೋಡಲು ಬಂದು ಬಾಗಿಲು ತೆರೆದಿಟ್ಟು ಹೋದಾಗ ಮತ್ತೆ ಅದೇ ಕೈ, ಅದೇ ಸಿಟ್ಟು. ನಾನು ಓಡಿಹೋಗಿ ಅಗಳಿ ಹಾಕಿದೆ. ಕೊನೆಗೆ ಊಟ ಬಿಟ್ಟರು. ಹಲ್ಲು ಕಚ್ಚಿ ಮುಖ ಗೋಡೆಗೆ ತಿರುಗಿಸುತ್ತಿದ್ದರು. ಡಾಕ್ಟರು ಬಂದು ನೋಡಿ, ಹೀಗೇ ಆದರೆ ಹೆಚ್ಚು ದಿನ ಉಳಿಯುವುದಿಲ್ಲ, ಏನು ಬೇಕಾಗಿದೆಯೋ ಕೇಳಿ ತಿಳಿದುಕೊಳ್ಳಿರಿ ಎಂದು ಹೇಳಿ ಹೋದರು. ಯಾರನ್ನು ಕೇಳುವುದು?

ಆ ವರ್ಷ ಸುಗ್ಗಿ ಮುಗಿದ ಮೇಲೆ ಸೋಗಿನವ ಬಂದ. ನಮ್ಮ ಬಾಗಿಲು ಬಡಿದ. ನಾನು ಅರ್ಧ ತೆರೆದು, ಮುಂದೆ ಹೋಗು ಎಂದೆ. ಅವನು ನನ್ನ ಮಾತು ಕೇಳಿಸಿಕೊಳ್ಳಲಿಲ್ಲ; ನನ್ನ ಹೆಗಲ ಮೇಲಿಂದ ಒಳಗೆ ನೋಡುತ್ತಿದ್ದ. ಒಳಗೆ ಅಪ್ಪನ ಕೈ ಆಡತೊಡಗಿತ್ತು. ನಾನು ಅವನ ಮುಖದ ಮೇಲೆಯೇ ಬಾಗಿಲು ಹಾಕಿದೆ. ಅವನು ನೋಡಿದ್ದು ಅಷ್ಟೇ ಹೊತ್ತು.

ಮರುದಿನ ಶಾಲೆ ಬಿಟ್ಟು ಬಜಾರದ ಮೇಲೆ ಬರುತ್ತಿದ್ದೆ. ಜನ ಸೇರಿತ್ತು. ಯಾವಾಗಿನಂತೆ ಗದ್ದಲವಿರಲಿಲ್ಲ, ಒಬ್ಬಿಬ್ಬರು ನಕ್ಕು ನಡುವೆಯೇ ನಿಲ್ಲಿಸುತ್ತಿದ್ದರು. ನನ್ನನ್ನು ಕಂಡವರು ದಾರಿ ಬಿಟ್ಟು ಸರಿದರು. ನಡುವೆ ನನ್ನ ಅಪ್ಪ ಕೂತಿದ್ದರು. ಬಲಹೆಗಲು ಜೋತುಬಿದ್ದಿತ್ತು, ಬಾಯಿಯ ಬಲಮೂಲೆ ಇಳಿದಿತ್ತು, ಜೊಲ್ಲಿನ ಎಳೆ ಎದೆಯ ಮೇಲೆ ತೂಗುತ್ತಿತ್ತು. ಎಡಗೈ ಚಾಚಿ ಆಡುತ್ತಿತ್ತು. ನಾನು ಇಷ್ಟು ದಿನ ಅಗಳಿ ಹಾಕಿ, ಕಂಬಳಿ ತೂಗುಹಾಕಿ ಮುಚ್ಚಿಟ್ಟದ್ದನ್ನು ಅವನು ಬದನೆಕಾಯಿಯ ಪಕ್ಕ ಹರವಿಕೊಂಡು ಕೂತಿದ್ದ. ಶಾಲೆಯ ಮುಂದಿನಿಂದ ಅಟ್ಟಿದ್ದಕ್ಕೆ ಸೇಡು ಎಂದೇ ನನಗೆ ಅನ್ನಿಸಿತು.

"ಏಳ. ಹೇಸಿ. ಏಳಂತೇನಿ" ಎಂದೆ. ಅವನು ಏಳಲಿಲ್ಲ. ಚಪ್ಪಲಿ ಕೈಗೆ ತೆಗೆದುಕೊಂಡೆ. ಯಾರೋ ಹಿಂದಿನಿಂದ "ಅಕ್ಕಾರ, ಬ್ಯಾಡ್ರಿ" ಎಂದರು. ಅವನು ಸೋಗು ಮುಗಿಯುವವರೆಗೂ ಹಾಗೇ ಕೂತು, ಜೊಲ್ಲನ್ನು ಒಳಗೆ ಎಳೆದುಕೊಂಡು, ಮೈ ನೆಟ್ಟಗೆ ಮಾಡಿ ಎದ್ದು ನಿಂತ. ನಾನು ಹೊಡೆಯುತ್ತೇನೆಂದು ಗೊತ್ತಿದ್ದರೂ ಹಿಂದೆ ಸರಿಯಲಿಲ್ಲ.

"ಅಕ್ಕಾರ, ಮಾಸ್ತರ್ರು ಬಾಗಲಾ ಮುಚ್ಚು ಅನ್ನಾಕತ್ತಿಲ್ರಿ" ಎಂದ.

"ನಿನಗೇನ್ ಗೊತ್ತು, ಹೊಲಸ?"

"ಆ ಮೈಯಾಗ ಕುಂತು ನೋಡೇನ್ರಿ. ಅದು ಮುಚ್ಚು ಅನ್ನೂ ಮೈ ಅಲ್ಲ."

ನಾನು ಅವನ ಕಾಲ ಬಳಿ ಉಗುಳಿ ಮನೆಗೆ ಬಂದೆ. ಅವ್ವನಿಗೆ ಎಲ್ಲ ಹೇಳಿದೆ, ಅಳುತ್ತ, ಬೈಯುತ್ತ. ಅವ್ವ ರೊಟ್ಟಿ ಬಡಿಯುತ್ತಿದ್ದಳು. ಕೈ ನಿಲ್ಲಿಸಿ, "ಮುಚ್ಚು ಅನ್ನೂ ಮೈ ಅಲ್ಲ ಅಂದ?" ಎಂದು ಕೇಳಿದಳು.

"ಹೂಂ, ಅಂದ."

"ಹೋಗಿ ಕರಕೊಂಡು ಬಾ."

ನಾನು ಹೋಗುವುದಿಲ್ಲ ಎಂದೆ. ಅವ್ವ ಹಿಟ್ಟಿನ ಕೈ ಕೊಡವಿ, ಸೆರಗು ಹೊದ್ದು ತಾನೇ ಹೋದಳು. ಬಜಾರಕ್ಕೆ ಎಂದೂ ಒಬ್ಬಳೇ ಹೋಗದ ಹೆಂಗಸು.

ಸಂಜೆಯ ಬಿಸಿಲು ಇನ್ನೂ ಓಣಿಯಲ್ಲಿತ್ತು. ಅವ್ವ ಬೀದಿಬಾಗಿಲನ್ನು ಪೂರ್ತಿ ತೆರೆದಿಟ್ಟಳು. ಒಳಗೆ ಬಾ ಎಂದಾಗ ಅವನು ಒಲ್ಲೆ ಎಂದ. "ಹೊಸ್ತಿಲ ಒಳಗ ಸೋಗು ಹಾಕೂದಿಲ್ರಿ ಅವ್ವಾರ. ಹಾಸಿಗಿ ಹಿಡದ ಮೈದು ಅಂತೂ ಹಾಕೂದ ಇಲ್ಲ" ಎಂದು, ಹೊರಗಿನ ಕಟ್ಟೆಯ ಮೇಲೆ, ಮಂಚದಿಂದ ಅಪ್ಪನಿಗೆ ನೇರವಾಗಿ ಕಾಣುವಂತೆ ಕೂತ. ಅಪ್ಪ ಅವನನ್ನೇ ನೋಡುತ್ತಿದ್ದರು. ನನಗೆ ಮೈ ಉರಿಯುತ್ತಿತ್ತು.

"ಮಾಸ್ತರ್ರ, ಎರಡು ಸೋಗು ಹಾಕ್ತೇನ್ರಿ. ನಿಮ್ದು ಯಾವುದು, ನೀವ ಹೇಳ್ರಿ."

ಮೊದಲು ಒಂದು ಹಾಕಿದ. ಹೆಗಲು ಜೋತುಬಿತ್ತು, ಬಾಯಿ ಇಳಿಯಿತು, ಎಡಗೈ ಚಾಚಿ ಆಡತೊಡಗಿತು. ಕುತ್ತಿಗೆ ಹಿಂದಕ್ಕೆ ಸರಿದಿತ್ತು, ಬೆನ್ನು ಗೋಡೆಗೆ ಒತ್ತಿತ್ತು, ಎಡಗಾಲ ಹಿಮ್ಮಡಿ ನೆಲಕ್ಕೆ ಗಟ್ಟಿಯಾಗಿ ಊರಿತ್ತು. ಅದು ಮುಚ್ಚಿರಿ ಎನ್ನುವ ಮೈ, ನನಗೂ ಗೊತ್ತಾಯಿತು. ಅಪ್ಪ ಸಿಟ್ಟಿನಿಂದ ತಲೆಯನ್ನು ಅತ್ತಿತ್ತ ಹೊರಳಿಸಿದರು.

ಎರಡನೆಯದನ್ನು ಹಾಕಿದ. ಅದೇ ಹೆಗಲು, ಅದೇ ಬಾಯಿ, ಕೈಯೂ ಕೂದಲೆಳೆಯಷ್ಟು ಬದಲಾಗಲಿಲ್ಲ. ಆದರೆ ಬೆನ್ನು ಗೋಡೆ ಬಿಟ್ಟಿತ್ತು, ಕುತ್ತಿಗೆ ಮುಂದೆ ಬಂದಿತ್ತು. ಎಡಗಾಲ ಬೆರಳುಗಳು ನೆಲವನ್ನು ಹಿಡಿದಿದ್ದವು, ಹಿಮ್ಮಡಿ ಎದ್ದಿತ್ತು. ಜೊಲ್ಲಿನ ಎಳೆ ಇಳಿದು ಎದೆಯ ಮೇಲೆ ನಿಂತಿತು. ಹೊಸ್ತಿಲ ಆಚೆ ಒಬ್ಬ ಅಪ್ಪ, ಈಚೆ ಒಬ್ಬ ಅಪ್ಪ. ಇಬ್ಬರೂ ಒಬ್ಬರನ್ನೊಬ್ಬರು ನೋಡುತ್ತ ಕೂತರು. ಅಪ್ಪನಿಗೆ ಆಗುತ್ತಿರುವ ಅವಮಾನವನ್ನು ನೋಡಲಾರದೆ ನಾನು ಬಾಗಿಲು ಹಾಕಲು ಮುಂದೆ ಹೋದೆ. ಆಗ ಒಂದು ಸದ್ದು ಬಂತು. ಅರ್ಧ ಬಾಯಿಯಿಂದ, ಗೊರಗೊರ ಎಂದು. ಅಪ್ಪ ನಗುತ್ತಿದ್ದರು. ನಗುತ್ತ ಎಡಗೈಯಿಂದ ಎಡತೊಡೆ ಬಡಿದರು, ಮತ್ತೆ ಬಡಿದರು.

ಅವನು ಸೋಗು ಬಿಟ್ಟು, "ಹೊರಗ ಒಯ್ಯಿರಿ ಅನ್ನಾಕತ್ತಾರ್ರಿ. ಇಷ್ಟ" ಎಂದ. ನನ್ನ ಕಡೆ ತಿರುಗಿ, "ನೀವು ಕೈ ನೋಡೀರಿ ಅಕ್ಕಾರ. ಹಿಮ್ಮಡ ನೋಡಿಲ್ಲ" ಎಂದ. ನಾನು ಮಂಚದ ಕೆಳಗೆ ನೋಡಿದೆ. ಅಪ್ಪನ ಎಡಗಾಲ ಹಿಮ್ಮಡಿ ನೆಲ ಬಿಟ್ಟು ಎದ್ದು ನಿಂತಿತ್ತು.

ಸೋಗು ಬಿಟ್ಟ ಮೇಲೆ ಅವನು ಒಳಗೆ ಬರಬಹುದಿತ್ತು, ಬಂದ. ಆ ಬೆವರಿನ ಕೈಗಳನ್ನು ಅಪ್ಪನ ತೋಳಿನ ಕೆಳಗೆ ತೂರಿಸಿ, ಎದೆಗೆ ಒತ್ತಿಕೊಂಡು ಎತ್ತಿದ. ಅಪ್ಪನ ಬಿಳಿ ಧೋತರಕ್ಕೆ ಅವನ ಮೈಯ ಕೊಳೆ ಹತ್ತಿತು. ಕಿವಿಯ ಹಿಂದಿನ ಎಲೆಯಡಿಕೆಯ ಉಂಡೆ ಅಪ್ಪನ ಕೆನ್ನೆಗೆ ತಾಗುತ್ತಿತ್ತು. ಅವರು ಮುಖ ತಿರುಗಿಸಲಿಲ್ಲ. ಕಟ್ಟೆಯ ಮೇಲೆ ಗೋಡೆಗೆ ಒರಗಿಸಿ ಕೂಡಿಸಿದಾಗ, ಓಣಿಯ ಆ ತುದಿ ಈ ತುದಿ ನೋಡಿ ದೊಡ್ಡದಾಗಿ ಉಸಿರು ಬಿಟ್ಟರು. ಅವ್ವ ಅಂಬಲಿ ತಂದಳು. ಕುಡಿದರು. ನನಗೆ ಸಂತೋಷವಾಯಿತು ಎಂದು ಬರೆದರೆ ಅದು ಅರ್ಧ ಸುಳ್ಳು. ನಮ್ಮ ಅಪ್ಪನ ಮೈಯ ಮಾತು ಈ ನಾರುವ ಮನುಷ್ಯನಿಗೆ ತಿಳಿಯಿತಲ್ಲ ಎಂಬ ಸಿಟ್ಟೇ ನನಗೆ ಹೆಚ್ಚು ಇತ್ತು.

ಅವ್ವ ಅವನಿಗೆ ಒಂದೇ ಮಾತು ಹೇಳಿದಳು. "ಈ ಊರಾಗ ಇವ್ರ ಸೋಗು ಇನ್ನ ಹಾಕಬ್ಯಾಡಪಾ."

"ಹಾಕೂದಿಲ್ರಿ ಅವ್ವಾರ. ಈ ಊರಾಗ ಹಾಕೂದಿಲ್ಲ" ಎಂದು ಹೇಳಿ, ನಮ್ಮ ಮೆಟ್ಟಿಲ ಪಕ್ಕದಲ್ಲೇ ಪಿಚಕ್ಕನೆ ಉಗುಳಿ ಹೋದ. ನಾನು ಕೊಡ ನೀರು ಸುರಿದೆ.

ಅಂದಿನಿಂದ ಅಪ್ಪ ದಿನಾಲೂ ಕಟ್ಟೆಯ ಮೇಲೆ. ಜನ ನೋಡಿದರು, ಕೆಲವರು ಅಯ್ಯೋ ಎಂದರು, ಕೆಲವರು ಕಂಡೂ ಕಾಣದಂತೆ ಹೋದರು. ಒಂದು ದಿನ ಬಸ್ ಕಂಡಕ್ಟರ್ ಒಬ್ಬ, ಅಪ್ಪನ ಹಳೆಯ ವಿದ್ಯಾರ್ಥಿ, ಎದುರಿಗೆ ಸಿಕ್ಕಿಬಿದ್ದ. ಮಾತಾಡೋಣವೆಂದರೆ ಅಪ್ಪನಿಗೆ ಮಾತಿಲ್ಲ, ಹಾಗೇ ಹೋಗೋಣವೆಂದರೆ ಮನಸ್ಸಿಲ್ಲ. ಏನು ಮಾಡುವುದೆಂದು ತಿಳಿಯದೆ ಎರಡೂ ಕೈ ಮುಂದೆ ಚಾಚಿದ. ಅಪ್ಪ ಎಡಗೈಯಿಂದ ಅವನ ಕೈ ಹಿಡಿದು ತಿರುವಿದರು, ಅಂಗೈ ನೋಡಿದರು, ಮತ್ತೆ ತಿರುವಿದರು. ಟಿಕೇಟಿನ ಮಸಿ ಹತ್ತಿದ ಉಗುರಿನ ಮೇಲೆ ಗಿಣ್ಣಿನಿಂದ ಟಕ್ಕನೆ ಕುಟ್ಟಿ, ಗದ್ದದಿಂದ ಕಟ್ಟೆಯ ಕೆಳಗಿನ ಬಲಮೂಲೆಯ ಹಂಡೆ ತೋರಿಸಿದರು. ಕಂಡಕ್ಟರ್ ಹೋಗಿ ಕೈ ತೊಳೆದುಕೊಂಡು ಬಂದು ಮತ್ತೆ ತೋರಿಸಿದ. ಅವನ ಕಣ್ಣಲ್ಲಿ ನೀರಿತ್ತು.

ಆಮೇಲೆ ಅದೇ ಒಂದು ರೂಢಿಯಾಯಿತು. ಅಡತಿ ಬಜಾರಿನ ಹಮಾಲರು, ಪೋಸ್ಟಮನ್, ದೇವಣಗಾಂವದ ಕಡೆಯಿಂದ ಸಂತೆಗೆ ಬರುವ ರೈತರು, ನಮ್ಮ ಓಣಿಯಲ್ಲಿ ಹಾದರೆ ಒಂದು ಗಳಿಗೆ ನಿಂತು ಕೈ ತೋರಿಸಿ ಹೋಗುತ್ತಿದ್ದರು. ಅಪ್ಪನ ಜೊಲ್ಲು ಒಮ್ಮೊಮ್ಮೆ ಅವರ ಅಂಗೈ ಮೇಲೆ ಬೀಳುತ್ತಿತ್ತು. ಯಾರೂ ಕೈ ಹಿಂದೆ ತೆಗೆದುಕೊಳ್ಳಲಿಲ್ಲ. ಮಳೆಗೆ ಮುಂಚೆ ತನ್ನ ಊರಿಗೆ ತಿರುಗಿ ಹೋಗುವಾಗ ಸೋಗಿನವನೂ ಒಂದು ಸಂಜೆ ಓಣಿಯ ಆಚೆ ನಿಂತು ಇದನ್ನೆಲ್ಲ ನೋಡಿ ಹೋದ. ನಾನು ಒದ್ದೆ ಬಟ್ಟೆ ಹಿಡಿದು ಬಾಗಿಲ ಹಿಂದೆ ನಿಂತಿರುತ್ತಿದ್ದೆ. ಅಪ್ಪ ಉಣ್ಣುತ್ತಿದ್ದರು, ಮೈಯೂ ಹತ್ತಿತ್ತು, ಇನ್ನೂ ಒಂದು ಮಳೆಗಾಲ ಒಂದು ಚಳಿಗಾಲ ಇದ್ದರು. ಆದರೂ ಆ ನೋಟ ನನಗೆ ಹಿಡಿಸಲಿಲ್ಲ. ದಿನಾ ಸಂಜೆ ಕಟ್ಟೆ ತೊಳೆಯುತ್ತಿದ್ದೆ.

ಅಪ್ಪ ಹೋದ ಮೇಲೆ, ಆ ವರ್ಷದ ಸುಗ್ಗಿ ಮುಗಿದಾಗ ಸೋಗಿನವ ಕೊನೆಯ ದಿನ ಚೀಲ ಹಿಡಿದು ಬಂದ. ಅವ್ವ ಮೊರ ತುಂಬ ಜೋಳ ಸುರಿದಳು. ಅವನು ಬರಿದಾದ ಕಟ್ಟೆಯನ್ನು ನೋಡಿದ. ಏನಾದರೂ ಸಮಾಧಾನದ ಮಾತು ಹೇಳುತ್ತಾನೇನೋ ಎಂದುಕೊಂಡೆ. ಅವನು ಕೇಳಿದ್ದು, "ಮೊದಲ ಯಾವುದು ನಿಂತತ್ರಿ ಅವ್ವಾರ? ಕೈಯೋ, ಕಾಲೋ?"

ನನಗೆ ರಕ್ತ ನೆತ್ತಿಗೇರಿತು. ಒಬ್ಬರ ಸಾವಿನಿಂದಲೂ ಇವನಿಗೆ ತನ್ನ ಸೋಗಿಗೆ ಬೇಕಾದ್ದನ್ನು ಹೆಕ್ಕಿಕೊಳ್ಳಬೇಕಾಗಿತ್ತು. "ನಡಿ ಇಲ್ಲಿಂದ" ಎಂದೆ. ಅವ್ವ ಮಾತ್ರ ಮೊರ ಕೆಳಗಿಟ್ಟು ಹೇಳಿದಳು.

"ಕೈ ಮೊದಲ ನಿಂತತಪಾ. ಹಿಮ್ಮಡ ಕಡೀತನಕ ಆಡತಿತ್ತು."

ಅವನು ತಲೆಯಾಡಿಸಿ ಹೋದ. ಆ ಕಾಲನ್ನು ಅವ್ವ ಕೊನೆಯವರೆಗೂ ನೋಡುತ್ತ ಕೂತಿದ್ದಳು ಎಂಬುದು ನನಗೆ ಗೊತ್ತಾದದ್ದು ಆಗಲೇ.

ಅವನು ಕೆಲವು ವರ್ಷಗಳ ಮೇಲೆ ಮುದ್ದೇಬಿಹಾಳದಲ್ಲಿ ಸತ್ತನಂತೆ. ಬಜಾರಿನಲ್ಲೇ ಬಿದ್ದನಂತೆ, ಜನ ಅದನ್ನೂ ಸೋಗು ಎಂದು ತಿಳಿದು ಚಪ್ಪಾಳೆ ಹೊಡೆದರಂತೆ. ವೇಷದವರು ಯಾರು ಸತ್ತರೂ ಊರವರು ಕಟ್ಟುವ ಕತೆ ಇದು, ನಾನು ನಂಬುವುದಿಲ್ಲ. ಧರ್ಮಶಾಲೆಯ ಕಟ್ಟೆಯಲ್ಲಿ ಜ್ವರ ಬಂದು ಸತ್ತ ಎಂದು ಹೇಳಿದವರೂ ಇದ್ದಾರೆ. ಅದೇ ಇರಬೇಕು. ನಾನು ಅವನನ್ನು ಕೊನೆಯ ಸಲ ಕಂಡದ್ದು ಅದಕ್ಕೂ ಮೊದಲು, ಬಸವನ ಬಾಗೇವಾಡಿಯಲ್ಲಿ.

ನನಗೆ ಅಲ್ಲಿಗೆ ಬದಲಿಯಾಗಿತ್ತು. ಅವ್ವನೂ ಹೋಗಿಬಿಟ್ಟಿದ್ದಳು. ಸಂತೆಯ ದಿನ ಶಾಲೆ ಮುಗಿಸಿ ತರಕಾರಿ ತರಲು ಹೋದೆ. ಜನರ ಗುಂಪು, ಜೋರಾಗಿ ನಗು. ಜನರ ತಲೆಗಳ ಸಂದಿಯಲ್ಲಿ ಒಂದು ಜೋತುಬಿದ್ದ ಬಲಹೆಗಲು ಕಂಡಿತು. ನನಗೆ ಗುರುತು ಹಿಡಿಯಲು ಮುಖ ಬೇಕಾಗಲಿಲ್ಲ. ಈ ಊರಾಗ ಹಾಕೂದಿಲ್ಲ ಎಂದು ಅವ್ವನಿಗೆ ಹೇಳಿದವ, ಬೇರೆ ಊರುಗಳಲ್ಲೆಲ್ಲ ನನ್ನ ಅಪ್ಪನನ್ನು ಹೊತ್ತುಕೊಂಡು ತಿರುಗುತ್ತಿದ್ದ. ಇಂಡಿಯಲ್ಲೂ ಹಾಕಿರುತ್ತಾನೆ, ಮುದ್ದೇಬಿಹಾಳದಲ್ಲೂ. ಅಪ್ಪನ ಹೆಸರೂ ಗೊತ್ತಿಲ್ಲದ ಜನ ಅವರ ಬಾಯಿ ನೋಡಿ ನಗುತ್ತಿದ್ದರು. ಕೈಚೀಲದಲ್ಲಿ ಒಂದು ತೆಂಗಿನಕಾಯಿ ಇತ್ತು. ಅದನ್ನೇ ಎತ್ತಿ ಅವನ ತಲೆಗೆ ಹೊಡೆಯಬೇಕು ಅನ್ನಿಸಿತು. ಜನರನ್ನು ನೂಕುತ್ತ ಮುಂದೆ ಬಂದೆ.

ಅಷ್ಟರಲ್ಲಿ ಅವನು ಎಡಗೈಯನ್ನು, ಎಲ್ಲರಿಗಿಂತ ಜೋರಾಗಿ ನಗುತ್ತಿದ್ದ ಒಬ್ಬ ದೊಡ್ಡ ಮೀಸೆಯವನ ಕಡೆ ಚಾಚಿದ. ಮೀಸೆಯವನ ನಗು ನಿಂತಿತು. ಅವನಿಗೆ ಏನು ತಿಳಿಯಿತೋ, ತನ್ನ ಕೈ ಮುಂದೆ ಚಾಚಿದ. ಸೋಗಿನವ ಅದನ್ನು ತಿರುವಿ, ಅಂಗೈ ನೋಡಿ, ಮತ್ತೆ ತಿರುವಿ, ಟಕ್ಕನೆ ಕುಟ್ಟಿದ. ಗದ್ದದಿಂದ ಬಲಮೂಲೆಯ ಕೆಳಗೆ ತೋರಿಸಿದ. ಅಲ್ಲಿ ಧೂಳಿತ್ತು, ಹಂಡೆ ಇರಲಿಲ್ಲ. ಹಂಡೆ ಇದ್ದದ್ದು ಸಿಂದಗಿಯ ನಮ್ಮ ಮನೆಯ ಕಟ್ಟೆಯ ಕೆಳಗೆ. ನಗು ಇಳಿಯಿತು. ಪಕ್ಕದವನೂ ಕೈ ಚಾಚಿದ, ಅವನ ಪಕ್ಕದ ಮುದುಕಿಯೂ.

ನಾನೂ ಚೀಲ ಕೆಳಗಿಟ್ಟು ಎರಡೂ ಕೈ ಚಾಚಿದೆ.

ಅವನಿಗೆ ವಯಸ್ಸಾಗಿತ್ತು, ಮುಂದಿನ ಹಲ್ಲು ಬಿದ್ದಿದ್ದವು. ನನ್ನ ಗುರುತು ಹತ್ತಿತೋ ಇಲ್ಲವೋ ಹೇಳಲಾರೆ. ಸೋಗನ್ನು ಅವನು ನಡುವೆ ಬಿಡುತ್ತಿರಲಿಲ್ಲ. ಎಡಗೈಯಿಂದ ನನ್ನ ಕೈ ಹಿಡಿದ. ಅಪ್ಪನ ಹಿಡಿತ ಅದೇ ಆಗಿತ್ತು, ಹೆಬ್ಬೆರಳು ನನ್ನ ಮಣಿಕಟ್ಟಿನ ಒಳಗೆ. ಅಂಗೈ ನೋಡಿದ, ತಿರುವಿ ಉಗುರು ನೋಡಿದ. ಉಂಗುರಬೆರಳಿನ ಉಗುರಲ್ಲಿ ಸೀಮೆಸುಣ್ಣ ಇತ್ತು. ಅದರ ಮೇಲೆ ಟಕ್ಕನೆ ಕುಟ್ಟಿದ. ಆಗ ಅವನ ತುಟಿಯ ಎಳೆ, ನಾನು ಇಷ್ಟು ವರ್ಷದಲ್ಲಿ ಒಮ್ಮೆಯೂ ಹರಿದದ್ದನ್ನು ಕಾಣದ ಎಳೆ, ಹರಿದು ನನ್ನ ಮಣಿಕಟ್ಟಿನ ಮೇಲೆ ಬಿತ್ತು. ಬಿಸಿಯಾಗಿತ್ತು. ನಾನು ಕೈ ಹಿಂದೆ ತೆಗೆದುಕೊಳ್ಳಲಿಲ್ಲ. ತಲೆ ಬಗ್ಗಿಸಿ ಅವನ ಎಡಗಾಲು ನೋಡಿದೆ. ಹಿಮ್ಮಡಿ ಎದ್ದಿತ್ತು.

ಗದ್ದದಿಂದ ಬಲಮೂಲೆಗೆ ತೋರಿಸಿದ. ನಾನು ತರಕಾರಿ ತೆಗೆದುಕೊಳ್ಳದೆ ಮನೆಗೆ ಬಂದೆ. ಸಾಬೂನು ಹಚ್ಚಿ ಕೈ ತೊಳೆದೆ. ಹೇಸಿಕೆ ಹೋಗಲಿಲ್ಲ, ಮತ್ತೊಮ್ಮೆ ತೊಳೆದೆ. ಆಮೇಲೆ ಬಚ್ಚಲ ಬಾಗಿಲಲ್ಲೇ ಎರಡೂ ಕೈ ಮುಂದೆ ಚಾಚಿಕೊಂಡು ನಿಂತೆ.